ಜರ್ಮನ್‌ಗೆ ಕನ್ನಡದ ದಾರಿಯೇ ಹತ್ತಿರ

ತಂಗಿ, ಚಿಕ್ಕಮಗಳೂರಿಂದ ಜರ್ಮನಿಗೆ ಬಂದು ತಿಂಗಳಾಯ್ತು, ಇವರ ಮಾತು ಕಿವಿಗೆ ಹತ್ತುತ್ತಿಲ್ಲ, ಕ್ರಿಯಾಪದ ಯಾಕೆ ಕೊನೆಗೆ ಹೋಗುತ್ತದೆ, ಅಂಕಿ ಯಾಕೆ ತಿರುಗುಮುರುಗು ಅಂತ ಕೇಳಿದ್ದೀಯ. ನಾನು ಹಾಸನದವನು, ಇಲ್ಲಿಗೆ ಬಂದು 14 ವರ್ಷವಾಯ್ತು. ಮೊದಲ ವರ್ಷ ಎಲ್ಲವನ್ನೂ ಇಂಗ್ಲಿಷ್‌ಗೆ ಹೊಂದಿಸಿಕೊಂಡು ಕಲಿತೆ. ಅಲ್ಲೇ ಎಡವಿದ್ದು.

ಮಗುವಿಗೆ ಜ್ವರ ಬಂದಿತ್ತು. ಡಾಕ್ಟರ ಕಡೆಯವರು ಫೋನಿನಲ್ಲಿ 'ಹಲ್ಪ್ ಡ್ರೈ'ಗೆ ಬನ್ನಿ ಅಂದರು. ಅರ್ಧ, ಮೂರು ಅಂತ ಕೇಳಿಸಿತು. ಇಂಗ್ಲಿಷ್ ಲೆಕ್ಕದಲ್ಲಿ ಮೂರೂವರೆ ಅಂದುಕೊಂಡು ಹೋದೆ. ಅವರು ಹೇಳಿದ್ದು ಎರಡೂವರೆ, ಅಂದರೆ ಮೂರಾಗಲು ಇನ್ನರ್ಧ. ಮಗು ಇನ್ನೂ ಒಂದು ಗಂಟೆ ಕಾಯಬೇಕಾಯ್ತು. ಇದನ್ನು ಸುಮ್ನೆ ಬಾಯಿಪಾಠ ಮಾಡಿಬಿಡು.

ಆದರೆ ಕ್ರಿಯಾಪದಕ್ಕೆ ಹೆದರಬೇಡ. 'ವೈಲ್ ಇಷ್ ಹೊಯ್ಟೆ ನಾಖ್ ಹಾಸನ್ ಫಾರೆ.' ಇದರ ಕೆಳಗೆ ಕನ್ನಡ ಬರೆದು ನೋಡು: 'ಯಾಕಂದ್ರೆ ನಾನು ಇವತ್ತು ಹಾಸನಕ್ಕೆ ಹೋಗುತ್ತೇನೆ.' ಅದೇ ಸಾಲು, ಅದೇ ಕ್ರಮ ಅಲ್ವಾ? ಬರೀ ಸಾದಾ ವಾಕ್ಯದಲ್ಲಿ ಕ್ರಿಯಾಪದ ಎರಡನೇ ಜಾಗಕ್ಕೆ ಬರುತ್ತದೆ. 'ವೈಲ್' ಬಂತೋ, ನಮ್ಮ ಹಾಗೆ ಕೊನೆಗೆ. ಹಿರಿಯರಿಗೆ, ಪರಿಚಯವಿಲ್ಲದವರಿಗೆ 'ಜೀ', ಆಪ್ತರಿಗೆ 'ಡೂ'. ನೀವು, ನೀನು ಅನ್ನುವ ನಮಗೆ ಇದು ಹೊಸದಲ್ಲ.

24ಕ್ಕೆ 'ನಾಲ್ಕು ಮತ್ತು ಇಪ್ಪತ್ತು' ಅನ್ನುತ್ತಾರೆ. ಹಿಂದಿಯ ಚೌಬೀಸ್ ಕೂಡ ಹಾಗೇ, ನಾಲ್ಕು ಮೊದಲು.

ಕಿವಿಯ ವಿಷಯಕ್ಕೆ ಬಂದರೆ, ಬಳೆಗೂ ಬಾಳೆಗೂ ವ್ಯತ್ಯಾಸ ಗೊತ್ತಿರುವ ಕಿವಿ ನಿನ್ನದು. ಇಲ್ಲೂ 'ಷ್ಟಟ್' ಅಂದರೆ ಪಟ್ಟಣ, 'ಷ್ಟಾಟ್' ಅಂದರೆ ದೇಶ. ನಮಗೆ ಕಷ್ಟವಾಗುವುದು ಪದದ ಕೊನೆ. ನಾವು ಬಸ್ಸು, ಕಾರು ಅಂತ ಕೊನೆಗೆ 'ಉ' ಸೇರಿಸುತ್ತೇವೆ. ಇವರು ಅಲ್ಲಿ ಸ್ವರ ಸೇರಿಸದೆ ಕೊನೆಯ ವ್ಯಂಜನವನ್ನೇ ಗಟ್ಟಿ ಮಾಡುತ್ತಾರೆ. ದಿನಕ್ಕೆ ಬರೆಯುವುದು 'ಟಾಗ್', ಹೇಳುವುದು 'ಟಾಕ್'. 'ಟಾಗು' ಅಂದರೆ ಅವರಿಗೆ ಬೇರೆ ಪದದ ಹಾಗೆ ಕೇಳಿಸುತ್ತದೆ. ಮೇಲೆ ಎರಡು ಚುಕ್ಕಿ ಇಟ್ಟ 'ಯು' ಬಂದರೆ ಕನ್ನಡಿ ಮುಂದೆ ನಿಲ್ಲು. ಬಾಯಲ್ಲಿ 'ಈ' ಅನ್ನುತ್ತಲೇ ಇರು, ತುಟಿಯನ್ನು ಮಾತ್ರ 'ಊ'ಗೆ ಮಾಡುವ ಹಾಗೆ ದುಂಡಗೆ ಮಾಡು. ನಾಲಿಗೆ ಅಲುಗಬಾರದು.

ನಮ್ಮ ಪಕ್ಕದ ಮನೆಯ ಅಜ್ಜನಿಗೆ 'ಹಳ್ಳಿ' ಕಲಿಸಲು ಹೋದೆ. ಅವರಿಗೆ ಎಷ್ಟು ಸಲ ಹೇಳಿದರೂ 'ಹಲ್ಲಿ'ಯೇ. ನಾಲಿಗೆ ಮೇಲಕ್ಕೆ ಮಡಚುವುದನ್ನು ಬಾಯಿ ತೆರೆದು ತೋರಿಸಿದೆ. ಎರಡು ವಾರ ಬಿಟ್ಟು ಮೆಟ್ಟಿಲ ಮೇಲೆ ಸಿಕ್ಕಾಗ, ನಮಸ್ಕಾರಕ್ಕೂ ಮುಂಚೆ 'ಹಳ್ಳಿ' ಅಂದರು. ಸರಿಯಾಗೇ ಇತ್ತು.