ಎಲಿಟ್ರಾ: ಚಿಪ್ಪೋ, ರೆಕ್ಕೆಯೋ?

ನಮಸ್ಕಾರ. ದುಂಬಿಯ (ಜೇನಿನ ಜಾತಿಯದಲ್ಲ, ಇಂಗ್ಲಿಷಿನ ‘ಬೀಟಲ್’) ಬೆನ್ನಿನ ಗಟ್ಟಿ ಚಿಪ್ಪನ್ನು ‘ಎಲಿಟ್ರಾ’ ಎನ್ನುವುದಾದರೆ ಜಿರಳೆಯ ಮೇಲಿನ ರೆಕ್ಕೆಗೂ ಅದೇ ಪದ ಸಲ್ಲುತ್ತದೆಯೇ ಎಂದು ತಾವು ಕೇಳಿದ್ದೀರಿ. ಸಲ್ಲುವುದಿಲ್ಲ; ಜಿರಳೆ, ಮಿಡತೆಗಳ ತೊಗಲಿನಂತಹ ಮುಂದಿನ ರೆಕ್ಕೆಗಳಿಗೆ ‘ಟೆಗ್ಮಿನಾ’ ಎಂಬ ಬೇರೆ ಹೆಸರಿದೆ.

ಎಲಿಟ್ರಾ ಚಿಪ್ಪಿನಂತೆ ಕಂಡರೂ ಅದು ಗಟ್ಟಿಯಾಗಿ ಮಾರ್ಪಟ್ಟ ಮುಂದಿನ ಜೋಡಿ ರೆಕ್ಕೆಯೇ. ಗ್ರೀಕ್ ಮೂಲದ ಈ ಪದಕ್ಕೆ ಕತ್ತಿಯ ಒರೆಯಂತಹ ಹೊದಿಕೆ ಎಂಬ ಅರ್ಥವಿದೆ. ಇದು ಬಹುವಚನವಾದ್ದರಿಂದ ಒಂದೇ ರೆಕ್ಕೆಯನ್ನು ಹೇಳುವಾಗ ‘ಎಲಿಟ್ರಾನ್’ ಎನ್ನಬೇಕು.

ನಮ್ಮ ಉಡುಪಿಯ ಕಡೆ ತೆಂಗಿನ ತೋಟದ ಗೊಬ್ಬರಗುಂಡಿಯ ಬಳಿ ಸತ್ತ ಕುರುವಾಯಿ ದುಂಬಿ (ರೈನೋಸರಸ್ ಬೀಟಲ್) ಸಿಕ್ಕಿದರೆ, ನಡುಬೆನ್ನಿನಲ್ಲಿ ಎರಡು ಒರೆಗಳು ಕೂಡುವ ನೇರ ಗೆರೆಗೆ ಸೂಜಿಯ ತುದಿಯನ್ನಿಟ್ಟು ಒಂದನ್ನು ಮೆಲ್ಲನೆ ಮೇಲೆತ್ತಿ ನೋಡಿ. ಅದರಡಿಯಲ್ಲಿ ಅಚ್ಚುಕಟ್ಟಾಗಿ ಮಡಚಿಟ್ಟ ತೆಳುಪೊರೆಯ ಹಿಂದಿನ ರೆಕ್ಕೆ ಕಾಣುತ್ತದೆ. ಬಿಡಿಸಿದರೆ ಅದು ಒರೆಗಿಂತಲೂ ಉದ್ದ. ಹಾರಾಟದ ಬಲವೆಲ್ಲ ಬಹುಮಟ್ಟಿಗೆ ಅದರದ್ದೇ. ಕುರುವಾಯಿ ಹಾರುವಾಗ ಒರೆಗಳನ್ನು ಎತ್ತಿ ಹಿಡಿಯುತ್ತದೆ. ಆದರೆ ಹೂವಿಗೆ ಬರುವ ಕೆಲವು ದುಂಬಿಗಳು ಒರೆಗಳನ್ನು ಮುಚ್ಚಿಟ್ಟುಕೊಂಡೇ, ಅಂಚಿನ ಸಣ್ಣ ಕಚ್ಚಿನಿಂದ ಹಿಂದಿನ ರೆಕ್ಕೆಗಳನ್ನು ಹೊರಚಾಚಿ ಹಾರುತ್ತವೆ. ಎಷ್ಟು ಸಲ ಕಂಡರೂ ನನಗೆ ಇದು ಬೆರಗೇ.

ತಾವು ಕನ್ನಡದಲ್ಲಿ ಬರೆಯುವಾಗ ‘ಚಿಪ್ಪು’ ಎನ್ನುವುದಕ್ಕಿಂತ ‘ಒರೆರೆಕ್ಕೆ’ ಎಂದರೆ ಅದು ರೆಕ್ಕೆಯೆಂಬ ಮುಖ್ಯ ಸಂಗತಿ ಉಳಿಯುತ್ತದೆ ಎಂಬುದು ನನ್ನ ಅಭಿಪ್ರಾಯ.