ಮೈದುನನ ಮೊಬೈಲಿನಲ್ಲಿ ಕಂಡದ್ದು

ಪ್ರಶ್ನೆ: ಅತ್ತೆ, ಮಾವ, ಗಂಡ, 25 ವರ್ಷದ ಮೈದುನ, ನಾನು ಒಟ್ಟಿಗೆ ಇದ್ದೇವೆ. ಮೊನ್ನೆ ಅತ್ತೆಗೆ ಮದುವೆ ಫೋಟೋ ತೋರಿಸಲು ಮೈದುನನ ಮೊಬೈಲ್ ತೆಗೆದುಕೊಂಡೆ. ಅದರಲ್ಲಿ ‘ಭಾಭಿ’ ಕಥೆಯ ವಯಸ್ಕರ ವೆಬ್ ಸೀರೀಸ್ ಇತ್ತು. ಈಗ ಅವನಿಗೆ ಊಟ ಬಡಿಸಲೂ ಮುಜುಗರ. ಗಂಡನಿಗೆ ಹೇಳಲೇ?

ಉತ್ತರ: ಮುಜುಗರ ಆಗದೇ ಇರುತ್ತಾ? ‘ಅತ್ತಿಗೆ’ ಅಂತ ಕರೆಯುವವನೇ ಅದನ್ನು ನೋಡುತ್ತಾನೆ ಅಂದರೆ ಯಾರಿಗಾದರೂ ಕಸಿವಿಸಿ ಆಗುತ್ತದೆ. ಆದರೆ ಅವನು ನಿಮ್ಮ ಜೊತೆ ಹೇಗೆ ನಡೆದುಕೊಂಡಿದ್ದಾನೆ? ದಿಟ್ಟಿಸುವುದು, ಎರಡರ್ಥದ ಮಾತು, ಬೇಕಂತಲೇ ಮೈ ತಾಗಿಸುವುದು, ಇದ್ಯಾವುದನ್ನೂ ನೀವು ಬರೆದಿಲ್ಲ. ಇಲ್ಲ ಅಂತಾದರೆ ಅವನು ನೋಡಿದ್ದನ್ನೂ ನಿಮ್ಮನ್ನೂ ಸದ್ಯಕ್ಕೆ ಒಂದೇ ದಾರಕ್ಕೆ ಕಟ್ಟಬೇಡಿ.

ಇಂಥ ಸೀರೀಸ್ ಮಾಡುವವರಿಗೆ ನಮ್ಮ ಮನೆಗಳೇ ರೆಡಿಮೇಡ್ ಸೆಟ್. ಗಂಡ ಆಫೀಸಿಗೆ, ಅತ್ತೆ ದೇವಸ್ಥಾನಕ್ಕೆ, ಮನೆಯಲ್ಲಿ ಅತ್ತಿಗೆ ಒಬ್ಬಳೇ. ಬೆಳಗ್ಗೆ ಎದ್ದು ನೀರು ಹಿಡಿದು, ಎಲ್ಲರ ಡಬ್ಬಿ ಕಟ್ಟಿ, ಮಾವನ ಬಿಪಿ ಮಾತ್ರೆಯನ್ನೂ ನೆನಪಿಸುವ ಅತ್ತಿಗೆ ಮಾತ್ರ ಅಲ್ಲಿ ಕಾಣಿಸುವುದೇ ಇಲ್ಲ; ಆ ಕಥೆಗಳಲ್ಲಿ ಅವಳು ಸದಾ ಬಿಡುವಾಗಿರುತ್ತಾಳೆ! ಸರ್ಕಾರ 2009ರಲ್ಲಿ ಒಂದು ಭಾಭಿ ಕಾಮಿಕ್ಸ್ ಬ್ಲಾಕ್ ಮಾಡಿತು, 2024ರ ಮಾರ್ಚ್‌ನಲ್ಲಿ 18 ಒಟಿಟಿಗಳನ್ನು, 2025ರ ಜುಲೈನಲ್ಲಿ ಇನ್ನೂ 25 ಒಟಿಟಿಗಳನ್ನು. ಆದರೂ ನಿಂತಿಲ್ಲ, ಅಲ್ವಾ?

ವಯಸ್ಕನೊಬ್ಬ ಇಂಥದ್ದನ್ನು ತನ್ನ ಪಾಡಿಗೆ ನೋಡಿದರೆ ಅಪರಾಧವಲ್ಲ. ಆದರೆ ನಿಮಗೆ ಇಷ್ಟವಿಲ್ಲದಿದ್ದರೂ ತೋರಿಸಿದರೆ, ಅಶ್ಲೀಲವಾಗಿ ಮಾತಾಡಿದರೆ ಅದು ಭಾರತೀಯ ನ್ಯಾಯ ಸಂಹಿತೆಯ 75ನೇ ಸೆಕ್ಷನ್ ಪ್ರಕಾರ ಲೈಂಗಿಕ ಕಿರುಕುಳ. ಮನೆಯವನೇ ಆದ್ದರಿಂದ 2005ರ ಕೌಟುಂಬಿಕ ಹಿಂಸೆ ಕಾಯ್ದೆಯ ರಕ್ಷಣೆಯನ್ನೂ ಕೇಳಬಹುದು. ಆಗ ‘ಮನೆ ಮರ್ಯಾದೆ’ ಅಂತ ಸುಮ್ನೆ ಕೂರಬೇಡಿ, ಮಹಿಳಾ ಸಹಾಯವಾಣಿ 181ಕ್ಕೆ ಕರೆ ಮಾಡಿ.

ಗಂಡನಿಗೆ ಹೇಳಿ. ‘ನಿಮ್ಮ ತಮ್ಮ ಸರಿಯಿಲ್ಲ’ ಅಂತ ಶುರು ಮಾಡಿದರೆ ಅವರು ತಮ್ಮನ ಪರ ನಿಲ್ಲುತ್ತಾರೆ. ಕಂಡದ್ದೇನು, ಅಂದಿನಿಂದ ನಿಮಗೆ ಏನನಿಸುತ್ತಿದೆ, ಅಷ್ಟು ಹೇಳಿ. ಅಣ್ಣತಮ್ಮಂದಿರು ಮಾತಾಡಿಕೊಳ್ಳಲಿ, ನಿಮ್ಮನ್ನು ಪಂಚಾಯಿತಿಗೆ ಕೂರಿಸಬಾರದು. ಅತ್ತೆಗೆ ಈಗಲೇ ಹೇಳಬೇಡಿ. ಮಾತು ನಿಮ್ಮ ನೈಟಿಯ ಕಡೆ ತಿರುಗುವ ಸಾಧ್ಯತೆಯೇ ಜಾಸ್ತಿ. ನೈಟಿ ಬದಲಿಸುವ ಅಗತ್ಯವೂ ಇಲ್ಲ. ಬಡಿಸಲು ಮನಸ್ಸಿಲ್ಲವೇ, ಪಾತ್ರೆಗಳನ್ನು ಟೇಬಲ್ ಮೇಲಿಡಿ, ಹಾಕಿಕೊಂಡು ತಿನ್ನಲಿ, 25 ವರ್ಷವಾಗಿದೆ. ರೂಮಿನ ಚಿಲಕ ಸಡಿಲವಾಗಿದ್ದರೆ ಈ ಭಾನುವಾರವೇ ಸರಿ ಮಾಡಿಸಿ, ಅದಕ್ಕೆ ಯಾರಿಗೂ ಕಾರಣ ಹೇಳಬೇಕಿಲ್ಲ.