ಮೇಷ್ಟ್ರನ್ನು ಕೇಳಿ: ಪ್ರಳಯದಲ್ಲಿ ಸತ್ತವನು ಯಾರು?

ಪ್ರಶ್ನೆ: ಬೈಬಲ್ಲಿನ ಪ್ರಳಯದಲ್ಲಿ ಸತ್ತ ಮನುಷ್ಯನ ಅಸ್ಥಿಪಂಜರ ಸಿಕ್ಕಿತು ಎಂದು ಯೂರೋಪಿನ ಡಾಕ್ಟರೊಬ್ಬ ಸಾರಿದ್ದನಂತೆ. ಕೊನೆಗೆ ಅದು ಸಾಲಮಾಂಡರ್ ಎಂಬ ಉಭಯವಾಸಿ (ಹಲ್ಲಿಯಂತೆ ಕಾಣುವ, ಕಪ್ಪೆಯ ನೆಂಟ) ಎಂದು ಗೊತ್ತಾಯಿತಂತೆ. ಡಾಕ್ಟರಾದವನಿಗೆ ಮನುಷ್ಯನ ಮೂಳೆ ಗುರುತು ಸಿಗಲಿಲ್ವಾ ಮೇಷ್ಟ್ರೇ?
– ಓದುಗರೊಬ್ಬರು, ಸಾಗರ

ಉತ್ತರ: ಸಿಗಬೇಕಿತ್ತು. ಆ ಅಸ್ಥಿಪಂಜರ ಇರುವ ಕಲ್ಲನ್ನು ನಾನು ಕಣ್ಣಾರೆ ನೋಡಿದ್ದೇನೆ. ಮಗಳ ಮನೆಗೆ ಹೋದಾಗ ಅಳಿಯಂದಿರು ನೆದರ್ಲೆಂಡ್ಸಿನ ಹಾರ್ಲೆಮ್ ಊರಿನ ಟೇಲರ್ಸ್ ಮ್ಯೂಸಿಯಂಗೆ ಕರೆದುಕೊಂಡು ಹೋಗಿದ್ದರು. ತಲೆಬುರುಡೆ ರೊಟ್ಟಿ ತಟ್ಟಿದ ಹಾಗೆ ಚಪ್ಪಟೆ. ಕಣ್ಣಿನ ಗುಳಿಗಳು ದೊಡ್ಡವು. ಕೆಳಗೆ ಬೆನ್ನೆಲುಬಿನ ಮಣಿಗಳು, ಅಕ್ಕಪಕ್ಕಕ್ಕೆ ಚಾಚಿದ ಮುಂಗಾಲು. ಹಿಂಗಾಲೂ ಇಲ್ಲ, ಬಾಲವೂ ಇಲ್ಲ. ಕಪ್ಪೆ ಕೊಯ್ದು ಕಲಿತ ನಮ್ಮ ಕಾಲದವರಿಗೆ ಇದು ಮನುಷ್ಯನಲ್ಲ ಎನ್ನಲು ಎರಡು ನಿಮಿಷ ಸಾಕು.

ಆದರೆ ಡಾಕ್ಟರ ಕಾಲಕ್ಕೆ ಆ ಮುಂಗಾಲುಗಳು ಇನ್ನೂ ಕಲ್ಲಿನೊಳಗೇ ಇದ್ದವು. ಜ್ಯೂರಿಕ್‌ನ ಯೋಹಾನ್ ಯಾಕೋಬ್ ಶಾಯ್ಕ್‌ಜರ್ ಅವರ ಹೆಸರು. ದಡ್ಡರೇನಲ್ಲ. ಪಳೆಯುಳಿಕೆ ಅಂದರೆ ಕಲ್ಲಲ್ಲಿ ಸುಮ್ನೆ ಮೂಡಿದ ಆಕಾರ ಎಂದು ಎಷ್ಟೋ ಪಂಡಿತರು ವಾದಿಸುತ್ತಿದ್ದ ಕಾಲ ಅದು. ಮೊದಲು ಇವರೂ ಹಾಗೇ ಅಂದುಕೊಂಡಿದ್ದರು. ಆಮೇಲೆ, ಇಲ್ಲ, ಇವು ಒಮ್ಮೆ ಬದುಕಿದ್ದ ಜೀವಿಗಳೇ ಎಂದು ಒಪ್ಪಿದರು. ಅಷ್ಟರಮಟ್ಟಿಗೆ ಅವರೇ ಸರಿ. ತಪ್ಪಿದ್ದು, ಎಲ್ಲವನ್ನೂ ನೋಹನ ಪ್ರಳಯಕ್ಕೆ ಗಂಟು ಹಾಕಿದ್ದು. ಮೀನು ಸಿಕ್ಕಿತ್ತು, ಗಿಡದ ಎಲೆ ಸಿಕ್ಕಿತ್ತು. ಪ್ರಳಯ ಬಂದದ್ದೇ ಪಾಪಿ ಮನುಷ್ಯರನ್ನು ಮುಳುಗಿಸೋಕೆ, ಅವರದೊಂದು ಮೂಳೆಯೂ ಇಲ್ಲ ಅಂದರೆ ಹೇಗೆ? ಅಷ್ಟರಲ್ಲಿ ಜರ್ಮನಿಯ ಓನಿಂಗೆನ್ ಕ್ವಾರಿಯಿಂದ ಈ ಕಲ್ಲು ಬಂತು. ಬೇಕಾದ್ದೇ ಕೈಗೆ ಸಿಕ್ಕರೆ ಯಾರು ತಿರುಗಿಸಿ ಮುರುಗಿಸಿ ನೋಡುತ್ತಾರೆ? 1726ರಲ್ಲಿ, ಪ್ರಳಯಕ್ಕೆ ಸಾಕ್ಷಿಯಾದ ಮನುಷ್ಯ ಇವನೇ ಎಂದು ಚಿತ್ರದ ಸಮೇತ ಅಚ್ಚು ಹಾಕಿಸಿಬಿಟ್ಟರು.

ಅನುಮಾನ ಪಟ್ಟವರೂ ಎಡವಿದರು ಅನ್ನಿ. ಒಬ್ಬರು ಮೀನು ಅಂದರು, ಇನ್ನೊಬ್ಬರು ಹಲ್ಲಿಯ ಜಾತಿ ಅಂದರು. 1802ರಲ್ಲಿ ಕಲ್ಲು ಹಾರ್ಲೆಮ್ ಸೇರಿತು. 1811ರಲ್ಲಿ ಫ್ರಾನ್ಸಿನ ಪ್ರಾಣಿಶಾಸ್ತ್ರಜ್ಞ ಜಾರ್ಜ್ ಕ್ಯುವಿಯೇ ಅಲ್ಲಿಗೆ ಬಂದರು. ನೆಪೋಲಿಯನ್ ಸರ್ಕಾರದ ಪರವಾಗಿ ವಿದ್ಯಾಸಂಸ್ಥೆಗಳ ಇನ್ಸ್‌ಪೆಕ್ಷನ್‌ಗೆ ಬಂದಿದ್ದರು, ಇದು ಅವರ ಸ್ವಂತ ಆಸೆಯ ಕೆಲಸ. ಸಾಲಮಾಂಡರ್ ಅಸ್ಥಿಪಂಜರದ ಚಿತ್ರವೊಂದನ್ನು ಎದುರಿಗಿಟ್ಟುಕೊಂಡರು. ಮುಂಗಾಲು ಎಲ್ಲಿರಬೇಕು ಎಂದು ಮೊದಲೇ ಲೆಕ್ಕ ಹಾಕಿ, ಅಲ್ಲಿ ಉಳಿಯಿಂದ ಕಲ್ಲು ಬಿಡಿಸಿದರು. ಚಿತ್ರದಲ್ಲಿದ್ದ ಹಾಗೇ ಮೂಳೆ ಒಂದೊಂದಾಗಿ ಹೊರಬಂತು! ನನಗೆ ಕೇಳಿದರೆ ಈ ಕಥೆಯ ಹೀರೋ ಆ ಉಳಿ. ಎಂಬತ್ತೈದು ವರ್ಷ ಎಲ್ಲರೂ ಮೇಲಿಂದ ನೋಡಿ ವಾದ ಮಾಡಿದ್ದರು, ಅಷ್ಟೇ.

ಈಗ ಅದರ ಹೆಸರು ಆಂಡ್ರಿಯಾಸ್ ಶಾಯ್ಕ್‌ಜೆರಿ. ಪಾಪ, ಡಾಕ್ಟರ ಹೆಸರು ಅದಕ್ಕೇ ಅಂಟಿಕೊಂಡಿದೆ. ಬದುಕಿದ್ದದ್ದು ಒಂದು ಕೋಟಿ ವರ್ಷಕ್ಕೂ ಹಿಂದೆ. ದಾಯಾದಿಗಳು ಜಪಾನ್, ಚೀನಾದ ತಣ್ಣನೆಯ ಹೊಳೆಗಳಲ್ಲಿ ಈಗಲೂ ಇವೆ. ಜಪಾನಿನದು ಸುಮಾರು ಒಂದೂವರೆ ಮೀಟರ್ ಬೆಳೆಯುತ್ತದೆ. ಹಗಲು ಬಂಡೆಯಡಿ ಬಿದ್ದುಕೊಂಡಿದ್ದು ರಾತ್ರಿ ಮೀನು, ಏಡಿ ಹಿಡಿಯುತ್ತದೆ. ಬಹುಮಟ್ಟಿಗೆ ಚರ್ಮದಿಂದಲೇ ಉಸಿರಾಟ.

ಪ್ರಶ್ನೆ: ನಮ್ಮ ಮಲೆನಾಡಿನ ಹಳ್ಳಗಳಲ್ಲಿ ಸಾಲಮಾಂಡರ್ ಇದೆಯಾ?
– ಓದುಗರೊಬ್ಬರು, ಕೊಪ್ಪ

ಉತ್ತರ: ಇಲ್ಲ. ನಮ್ಮ ದೇಶದಲ್ಲಿ ನೋಡಬೇಕೆಂದರೆ ಡಾರ್ಜಿಲಿಂಗ್ ಕಡೆಯ ಬೆಟ್ಟಕ್ಕೆ ಹೋಗಿ, ಅದೂ ಗೇಣುದ್ದದ್ದು. ನಿಮ್ಮ ತೋಟದ ಒದ್ದೆ ಮಣ್ಣಿನಲ್ಲಿ ಕಪ್ಪೆಯ ಇನ್ನೊಂದು ನೆಂಟ ಸಿಗಬಹುದು, ಸಿಸಿಲಿಯನ್ ಅಂತ. ಕಾಲಿಲ್ಲ, ಮೈತುಂಬ ಉಂಗುರ. ದೊಡ್ಡ ಎರೆಹುಳ ಅಂದುಕೊಳ್ಳುವವರೂ ಇದ್ದಾರೆ, ಹಾವು ಅಂತ ಹೊಡೆಯುವವರೇ ಜಾಸ್ತಿ. ಗುದ್ದಲಿಗೆ ಸಿಕ್ಕರೆ ಪಕ್ಕದ ಮಣ್ಣಿಗೆ ಬಿಟ್ಟುಬಿಡಿ.